ಹುಟ್ಟಿದೂರಿನ ವೀಸಾ

ನಾನು ಪಿಯುಸಿ ಓದುತ್ತಿದ್ದ ವರ್ಷ ಅವರು ಬಂದರು. ಅವತ್ತು ಆಳಂದದ ನಮ್ಮ ಮನೆಯ ಅಂಗಳದಲ್ಲಿ ಹತ್ತಿ ಹಿಂಜುವ ಕೆಲಸ ನಡೆದಿತ್ತು. ನಮ್ಮ ಗೋಡೆಗೆ ಗೋಡೆ ಹಚ್ಚಿಕೊಂಡಿದ್ದ ಮನೆ ಪಿಂಜಾರರದು, ಹತ್ತಿ ಹಿಂಜಿ ಬದುಕುವ ಮುಸಲ್ಮಾನರದು. ಆ ಮನೆಯ ಹೆಂಗಸನ್ನು ನಾವು ಮಕ್ಕಳೆಲ್ಲ ಗಾದಿ ಆಯಿ ಎಂದೇ ಕರೆಯುತ್ತಿದ್ದೆವು. ಊರಿನಲ್ಲಿ ಯಾರ ಮದುವೆಯಾದರೂ ಹತ್ತಿ ತುಂಬಿದ ಹೊಸ ಗಾದಿ ಹಾಕಿಕೊಡುತ್ತಿದ್ದವಳು ಅವಳೇ. ಆಳುದ್ದಕ್ಕಿಂತ ದೊಡ್ಡದಾದ ಬಿಲ್ಲನ್ನು ಹೆಗಲಿಗೆ ಆತುಕೊಂಡು ಅದರ ತಂತಿಗೆ ಕೊಡತಿಯಿಂದ ಹೊಡೆದರೆ ಡಂಯ್ ಡಂಯ್ ಎಂಬ ಸದ್ದಿಗೆ ಹತ್ತಿ ಹೊಗೆಯಂತೆ ಏಳುತ್ತಿತ್ತು.

ಬಾಗಿಲಲ್ಲಿ ಒಬ್ಬ ಗಂಡಸು ಬಂದು ನಿಂತರು. ನಲವತ್ತು ದಾಟಿರಬಹುದು. ಕೈಯಲ್ಲಿ ರೆಕ್ಸಿನ್ ಚೀಲ, ಕಾಲಲ್ಲಿ ಧೂಳು ತಿಂದ ಬೂಟು.

“ಗಾದಿ ಹಾಕೋರ ಮನಿ ಇದಾ?” ಎಂದು ನನ್ನನ್ನು ಕೇಳಿದರು.

ಆ ಮನೆ ಪಕ್ಕದ್ದು, ಆದರೆ ಆಯಿ ಇಲ್ಲೇ ಇದ್ದಾಳೆ ಎಂದೆ. ಅವರು ಒಳಗೆ ಎರಡು ಹೆಜ್ಜೆ ಇಟ್ಟು ನಿಂತುಬಿಟ್ಟರು. ಆಯಿ ತಲೆ ಎತ್ತಲಿಲ್ಲ. “ಯಾರಪಾ? ಗಾದಿ ಬೇಕಾಗಿತ್ತೇನು?” ಎಂದಳು.

“ಅವ್ವಾ, ನಾ ಬಂದೇನಿ.”

ಬಿಲ್ಲಿನ ಸದ್ದು ನಿಂತಿತು. ಆಯಿ ಏಳಲಿಲ್ಲ, ಅಳಲಿಲ್ಲ. ಅವರನ್ನು ಅಡಿಯಿಂದ ಮುಡಿಯವರೆಗೆ ನೋಡಿ ಗಡುಸಾಗಿ ಕೇಳಿದಳು, “ಯಾರಿಗಿ ಅವ್ವಾ ಅಂತಿ? ನನ್ನ ಮಗ ಆಗಿದ್ರ ಹೇಳು, ನಿಮ್ಮಪ್ಪ ಈ ಬಿಲ್ಲ ಯಾವ ಗ್ವಾಡಿಗಿ ತೂಗ ಹಾಕ್ತಿದ್ದ?”

“ಎಲ್ಲಿ ತೂಗ ಹಾಕ್ತಿದ್ದ? ಹಾಸಿಗಿ ಮಗ್ಗಲಕ ಇಟ್ಕೊಂಡು ಮಲಗ್ತಿದ್ದ. ನಾ ಮುಟ್ತೇನಿ ಅಂತ.”

ಆಗ ಆಯಿ ಎದ್ದಳು. ಆಮೇಲೆ ನಡೆದದ್ದನ್ನು ನಾನು ಸರಿಯಾಗಿ ನೋಡಲಿಲ್ಲ. ಅಪ್ಪನನ್ನು ಕರೆಯಲು ಅಂಗಡಿಗೆ ಓಡಿದ್ದೆ.

ಅಪ್ಪನಿಗೆ ಬಜಾರಿನಲ್ಲಿ ತೊಗರಿಬೇಳೆಯ ವ್ಯಾಪಾರವಿತ್ತು. ಅವರು ಗಲ್ಲಾಪೆಟ್ಟಿಗೆಗೆ ಬೀಗವನ್ನೂ ಹಾಕದೆ ಬಂದರು. ಬಂದವರು ಅಪ್ಪನ ಬಾಲ್ಯದ ಗೆಳೆಯ. ಒಂದೇ ಅಂಗಳದಲ್ಲಿ ಚಿಣಿಕೋಲು ಆಡಿದವರು. “ಲೇ, ನೀ ಇನ್ನಾ ಅದೀ ಏನಲೇ!” ಎಂದು ಅಪ್ಪ ಕೂಗಿದ್ದು ಬೀದಿಗೆಲ್ಲ ಕೇಳಿತು. ಅಂದಿನಿಂದ ನನಗೆ ಅವರು ಕಾಕಾ ಆದರು.

ಅವರು ಊರು ಬಿಟ್ಟದ್ದು ಪೊಲೀಸ್ ಆಕ್ಷನ್ ಆದ ವರ್ಷ. ನಿಜಾಮರ ರಾಜ್ಯ ಮುಗಿದು ನಮ್ಮ ಸೀಮೆ ಇಂಡಿಯಾಕ್ಕೆ ಸೇರಿದ ಆ ದಿನಗಳ ಗದ್ದಲದಲ್ಲಿ ಆಯಿಯ ಗಂಡ ಸತ್ತರು. ಹೇಗೆ ಎಂದು ನಮ್ಮ ಮನೆಯಲ್ಲಿ ಯಾರೂ ಹೇಳುತ್ತಿರಲಿಲ್ಲ, ಆಯಿಯೂ ಹೇಳಲಿಲ್ಲ. ಅವಳ ಅಣ್ಣ ಮುಂಬಯಿಯಿಂದ ಹಡಗು ಹಿಡಿದು ಕರಾಚಿಗೆ ಹೊರಟಿದ್ದ. ಎಂಟು ವರ್ಷದ ಮಗನನ್ನು ಅವನ ಕೈಗೆ ಕೊಟ್ಟು, ಗದ್ದಲ ಇಳಿದ ಮೇಲೆ ಕರೆಸಿಕೊಳ್ಳುತ್ತೇನೆ ಎಂದಳಂತೆ. “ಕರಾಚಿ ಅಂದ್ರ ಸೊಲ್ಲಾಪುರದ ಆಚಿ ಎಲ್ಲೋ ಇರಬೇಕು ಅಂದ್ಕೊಂಡಿದ್ದೆ ಬೇ,” ಎಂದು ನನಗೆ ಹೇಳಿದ್ದಳು. “ಅದು ಬ್ಯಾರೆ ದೇಶ ಆಗ್ಯದ ಅಂತ ನನಗ ಯಾರು ಹೇಳ್ಬೇಕು?”

ಕಾಕಾ ಅಲ್ಲಿ ಬೆಳೆದರು, ಒಂದು ಗಿರಣಿಯಲ್ಲಿ ಹತ್ತಿಯ ಕೆಲಸಕ್ಕೆ ಸೇರಿದರು, ಮದುವೆಯಾದರು. ಹೆಂಡತಿ ತೀರಿಕೊಂಡಳು, ಮಗಳು ಮದುವೆಯಾಗಿ ಹೋದಳು. ಆಮೇಲೆ ಪಾಸ್‌ಪೋರ್ಟ್ ಮಾಡಿಸಿ, ವೀಸಾಕ್ಕಾಗಿ ಅಲೆದು, ತಾಯಿಯನ್ನು ಹುಡುಕಿಕೊಂಡು ಬಂದರು. ಮಾವನ ಮನೆಯಲ್ಲಿ ಎಲ್ಲರೂ ಉರ್ದುವಿಗೆ ಹೊರಳಿಕೊಂಡಿದ್ದರಿಂದ ಅಷ್ಟು ವರ್ಷ ಅವರಿಗೆ ಕನ್ನಡ ಆಡಲು ಒಬ್ಬರೂ ಇರಲಿಲ್ಲ. ಹಾಗಾಗಿ ನರೆಗೂದಲಿನ ಆ ಮನುಷ್ಯ ಆಡುತ್ತಿದ್ದದ್ದು ಎಂಟು ವರ್ಷದ ಹುಡುಗನ ಕನ್ನಡ. ದೊಡ್ಡವರಿಗೆ ರೀ ಹಚ್ಚಬೇಕೆಂಬುದು ಅವರಿಗೆ ಇನ್ನೂ ರೂಢಿಯಾಗುವ ಮೊದಲೇ ಊರು ಬಿಟ್ಟಿದ್ದರು. ಠಾಣೆಯಲ್ಲಿ ಸಬ್ ಇನ್ಸ್‌ಪೆಕ್ಟರಿಗೆ “ನೀ ಕೂಡು, ನಾ ನಿಂದರ್ತೇನಿ” ಎಂದು ಬೈಸಿಕೊಂಡರು. ಅಪ್ಪ ಪಕ್ಕದಲ್ಲಿ ನಿಂತು, “ಸಾಹೇಬ್ರ, ಇಂವಾ ಮಾತು ಕಲಿಯೂದು ಅರ್ಧಕ್ಕ ಬಿಟ್ಟಾನ್ರಿ” ಎಂದು ಸಮಾಧಾನ ಮಾಡಿದರಂತೆ.

ಠಾಣೆಗೆ ಯಾಕೆ ಹೋಗಬೇಕಿತ್ತೆಂದರೆ ಅವರ ವೀಸಾ ಹಾಗಿತ್ತು. ಆಳಂದ ಒಂದೇ ಊರಿಗೆ ಅನುಮತಿ. ಬಂದ ಕೂಡಲೇ ಹಾಜರಿ ಕೊಡಬೇಕು, ಹೋಗುವಾಗ ಹೇಳಿ ಹೋಗಬೇಕು, ನಡುವೆ ಬೇರೆಲ್ಲಿಗೂ ಕಾಲಿಡಬಾರದು.

ಹೊರಡುವ ದಿನ ಹತ್ತಿರ ಬಂದಾಗ ಆಯಿಗೆ ಲಕ್ವಾ ಹೊಡೆಯಿತು. ಬಲಗೈ, ಬಲಗಾಲು ಬಿದ್ದುಹೋದವು. ಕಾಕಾ ಅವಧಿ ವಿಸ್ತರಿಸಲು ಅರ್ಜಿ ಹಾಕಿದರು, ಕೊಟ್ಟರು. ಇನ್ನೊಮ್ಮೆ ಹಾಕಿದರು, ಕೊಟ್ಟರು. ಮೂರನೆಯದಕ್ಕೆ ಉತ್ತರ ಬರಲಿಲ್ಲ. ಇಲ್ಲಿಯೇ ಉಳಿಯಲು ಅವಕಾಶ ಕೊಡಿ ಎಂದು ಅಪ್ಪ ಬರೆಸಿಹಾಕಿದ ಅರ್ಜಿ ಕಲಬುರ್ಗಿಗೆ, ಅಲ್ಲಿಂದ ಬೆಂಗಳೂರಿಗೆ, ಅಲ್ಲಿಂದ ದಿಲ್ಲಿಗೆ ಹೋಯಿತು ಎಂದು ಕೇಳಿದೆವು. ಅದು ಬೇಡವೆಂದೂ ಹೇಳಲಿಲ್ಲ, ಸೈ ಎಂದೂ ಹೇಳಲಿಲ್ಲ. ವಾರಕ್ಕೊಮ್ಮೆ ಠಾಣೆಗೆ ಹೋಗಿ ಹಾಜರಿ ಹಾಕಿ ಬರುವುದು ಅವರ ಬದುಕಾಯಿತು. “ಪಾಕಿಸ್ತಾನ ಬಂತು ನೋಡ್ರಿ” ಎಂದು ಪೇದೆಗಳು ನಗುತ್ತಿದ್ದರು. ಕಾಕಾನೂ ನಗುತ್ತಿದ್ದರು. ಠಾಣೆಯ ಗಾದಿಗಳನ್ನೆಲ್ಲ ಬಿಚ್ಚಿ, ಹಿಂಜಿ, ಮತ್ತೆ ಹೊಲಿದುಕೊಟ್ಟರು.

ಆ ವರ್ಷಗಳು ಚೆನ್ನಾಗಿದ್ದವು ಎಂದು ಈಗ ಅನ್ನಿಸುತ್ತದೆ. ಆಯಿ ನಿಧಾನಕ್ಕೆ ಎದ್ದು ಕೂತಳು, ಆಮೇಲೆ ಕೋಲು ಹಿಡಿದು ನಡೆದಳು, ಆದರೆ ಕೈ ಬರಲಿಲ್ಲ. ಬಿಲ್ಲು ಕಾಕಾನ ಹೆಗಲಿಗೆ ಬಂತು. ಆಯಿ ಮಣೆಯ ಮೇಲೆ ಕೂತು ತಪ್ಪು ಹುಡುಕುತ್ತಿದ್ದಳು. “ಹಂಗ ಹೊಡೀಬ್ಯಾಡೋ, ಹತ್ತಿ ಸಾಯ್ತದ!” ಸಂಜೆ ಅಪ್ಪ ಅಂಗಡಿಯಿಂದ ಬಂದವರು ನಮ್ಮ ಮನೆಗೆ ಬರದೆ ಮೊದಲು ಅವರ ಕಟ್ಟೆಗೆ ಹೋಗಿ ಕೂರುತ್ತಿದ್ದರು.

ನಾನು ಕಲಬುರ್ಗಿಯಲ್ಲಿ ಕಾನೂನು ಓದತೊಡಗಿದೆ. ನಮಗೆ ಅಂತರರಾಷ್ಟ್ರೀಯ ಕಾನೂನು ಒಂದು ವಿಷಯವಾಗಿತ್ತು. ಮೇಷ್ಟ್ರು ನೋಟ್ಸ್ ಹೇಳಿ ಬರೆಸುತ್ತಿದ್ದರು, ನಾವು ಬಾಯಿಪಾಠ ಮಾಡುತ್ತಿದ್ದೆವು. ವಿಶ್ವಸಂಸ್ಥೆಯ ಮಾನವ ಹಕ್ಕುಗಳ ಘೋಷಣೆಯಲ್ಲಿ ಯಾವ ಮನುಷ್ಯನಿಗೇ ಆಗಲಿ ತನ್ನ ದೇಶಕ್ಕೆ ಮರಳುವ ಹಕ್ಕಿದೆ, ಪ್ರತಿಯೊಬ್ಬನಿಗೂ ಒಂದು ರಾಷ್ಟ್ರೀಯತೆಯ ಹಕ್ಕಿದೆ ಎಂದು ಓದಿದ ದಿನ ನನಗೆ ಬಸ್ಸಿನಲ್ಲಿ ಕೂರಲು ಆಗಲಿಲ್ಲ. ಊರಿಗೆ ಬಂದವಳೇ ಪುಸ್ತಕ ಹಿಡಿದು ಪಿಂಜಾರರ ಕಟ್ಟೆಗೆ ಹೋದೆ. ಕಾಕಾನಿಗೆ ಓದಿ ಅರ್ಥ ಹೇಳಿದೆ.

ಅವರು ಕೊಡತಿ ಕೆಳಗಿಟ್ಟು ಕೇಳಿದರು. “ಇದು ಯಾರು ಬರದದ್ದು?”

“ಎಲ್ಲಾ ದೇಶದವರು ಕೂಡಿ ಬರದಾರ ಕಾಕಾ.”

“ನಮ್ಮ ದೇಶದವರೂ ಅದಾರಾ ಅದರಾಗ?”

ಯಾವ ದೇಶ ಎಂದು ಕೇಳಲಿಲ್ಲ ನಾನು. “ಅದಾರ,” ಎಂದೆ.

“ಹಂಗಾದ್ರ ಯಾರ ಕಡಿ ಹೋಗಿ ಇದನ್ನ ತೋರಿಸ್ಬೇಕು?”

ಮೇಷ್ಟ್ರು ಅದನ್ನು ಬರೆಸಿರಲಿಲ್ಲ. ಕೇಳಿಕೊಂಡು ಬರುತ್ತೇನೆ ಎಂದೆ.

ಓದು ಮುಗಿಸಿ ಕಲಬುರ್ಗಿಯಲ್ಲಿ ಒಬ್ಬ ಹಿರಿಯ ವಕೀಲರ ಬಳಿ ಸೇರಿದೆ. ಅವರು ಜೇವರ್ಗಿ ಕಡೆಯ ಲಿಂಗಾಯತರು, ನಿಜಾಮರ ಕಾಲದಲ್ಲಿ ಉರ್ದುವಿನಲ್ಲೇ ವಾದ ಕಲಿತವರು. ನಾನು ಕಾಕಾನ ವಿಷಯ ಹೇಳಿದಾಗ ಅವರು ಕನ್ನಡಕ ತೆಗೆದು, “ಕಾಗದ ದಿಲ್ಲಿಯೊಳಗ ಮಲಗ್ಯದ ಅಂದ್ರ ಮಲಗಲಿ ಬಿಡವ್ವಾ. ಎಬ್ಬಸ್ಬ್ಯಾಡ,” ಎಂದರು. ಆಗ ನನಗೆ ಅದು ಹೇಡಿತನದಂತೆ ಕಂಡಿತು. ಆದರೂ ಎಬ್ಬಿಸಲಿಲ್ಲ.

ತೊಂಬತ್ತರ ದಶಕ ಶುರುವಾದಾಗ ಠಾಣೆಯ ನಗು ನಿಂತಿತ್ತು. ಪೇದೆಗಳು ಬದಲಾಗಿದ್ದರು, ದೇಶದಲ್ಲಿ ಗಾಳಿಯೂ ಬದಲಾಗಿತ್ತು. ಕಾಕಾ ಹಾಜರಿಗೆ ಹೋದರೆ ಹೊರಗಿನ ಬೇವಿನ ಮರದ ಕೆಳಗೆ ಬಹಳ ಹೊತ್ತು ನಿಲ್ಲಿಸುತ್ತಿದ್ದರು.

ಆ ಚಳಿಗಾಲ ಗಾಣಗಾಪುರದಿಂದ ಒಬ್ಬ ಲಾಡ್ಜಿನವರು ಬಂದರು. ದತ್ತ ಜಯಂತಿಗೆ ಯಾತ್ರಿಕರು ತುಂಬುತ್ತಾರೆ, ಹಳೆಯ ಗಾದಿಗಳೆಲ್ಲ ಗಂಟುಗಟ್ಟಿವೆ, ಅಲ್ಲಿಗೇ ಬಂದು ಹಿಂಜಿಕೊಡಬೇಕು ಎಂದರು. ಗಂಡ ಇದ್ದಾಗ ಆಯಿ ಪ್ರತಿ ವರ್ಷ ಅಲ್ಲಿಗೆ ಹೋಗುತ್ತಿದ್ದಳಂತೆ. ಭೀಮಾ ನದಿಯ ನೀರಲ್ಲಿ ಕಾಲಿಟ್ಟು ಎಷ್ಟೋ ಕಾಲವಾಯಿತು, ಸಾಯುವುದರೊಳಗೆ ಒಮ್ಮೆ ಹೋಗಿ ಬರಬೇಕು ಎಂದು ಅವಳಿಗೆ ಆಸೆಯಾಯಿತು. ಗಾಣಗಾಪುರ ಅಫಜಲಪುರ ತಾಲ್ಲೂಕಿಗೆ ಸೇರಿದ್ದು. ಕಾಕಾ ಹಿಂದೇಟು ಹಾಕಿದರು.

“ಕಾಗದದಾಗ ಆಳಂದ ಅಂತ ಅದ ಅವ್ವಾ.”

“ಗಾಣಗಾಪುರ ಏನು ಪರದೇಶ ಏನೋ? ಮುಂಜಾನಿ ಬಸ್ಸಿಗಿ ಹೋದ್ರ ಸಂಜಿಗಿ ಬರ್ತೇವಿ.”

ಹೋದರು. ಇಬ್ಬರೂ ಹೋದದ್ದು ನಮಗೆ ತಿಳಿದದ್ದು ಆಯಿ ಒಬ್ಬಳೇ ವಾಪಸ್ಸು ಬಂದಾಗ. ಲಾಡ್ಜಿನ ಹುಡುಗನೊಬ್ಬ ಅವಳನ್ನು ಬಸ್ಸಿಗೆ ಹತ್ತಿಸಿ ಕಳಿಸಿದ್ದ. ಹಬ್ಬದ ಬಂದೋಬಸ್ತಿಗೆ ಬಂದಿದ್ದ ಪೊಲೀಸರು ಲಾಡ್ಜುಗಳಲ್ಲಿ ವಿಚಾರಣೆ ಮಾಡುತ್ತ ಬಂದು, ಮಾಳಿಗೆಯ ಮೇಲೆ ಹತ್ತಿ ಹಿಂಜುತ್ತಿದ್ದ ಕಾಕಾನನ್ನು ಊರು ಯಾವುದು ಎಂದು ಕೇಳಿದ್ದರು. ಆಳಂದ ಎಂದಿದ್ದರು. ಏನಾದರೂ ಕಾಗದ ಇದೆಯೇ ಎಂದದ್ದಕ್ಕೆ, ಅಂಗಿಯ ಒಳಗಿನಿಂದ ಪ್ಲಾಸ್ಟಿಕ್ಕಿನಲ್ಲಿ ಸುತ್ತಿದ ಪಾಸ್‌ಪೋರ್ಟ್ ತೆಗೆದು ಕೊಟ್ಟಿದ್ದರು. ಸುಳ್ಳು ಹೇಳುವುದು ಅವರಿಗೆ ಹೊಳೆದಿರಲಿಲ್ಲ.

ಆಯಿ ನಮ್ಮ ನಡುಮನೆಯ ಕಂಬಕ್ಕೆ ಒರಗಿ ಕೂತು ಅಪ್ಪನನ್ನು ಕೇಳಿದಳು, “ನಾನೂ ಆಳಂದ ಬಿಟ್ಟು ಹೋಗಿದ್ನಲ್ಲಪಾ. ನನ್ನ ಯಾಕ ಹಿಡೀಲಿಲ್ಲ?”

ಅಫಜಲಪುರದ ಮ್ಯಾಜಿಸ್ಟ್ರೇಟ್ ಕೋರ್ಟಿನಲ್ಲಿ ವಿದೇಶಿಯರ ಕಾಯಿದೆಯ ಪ್ರಕಾರ ಕೇಸು ನಡೆಯಿತು. ಅನುಮತಿಯಿಲ್ಲದೆ ಊರು ದಾಟಿದ್ದು, ಅವಧಿ ಮೀರಿ ಉಳಿದದ್ದು, ಎರಡೂ ಆರೋಪ. ಕೊಳಕೂರಿನ ಮಗಳ ಮನೆಗೆ ಹೋಗಿದ್ದ ನನ್ನ ಹಿರಿಯ ವಕೀಲರು ಅಲ್ಲಿಂದಲೇ ನೇರ ಕೋರ್ಟಿಗೆ ಬಂದು ವಾದಿಸಿದರು. ತಪ್ಪು ಮಾಡಿದ್ದೀಯಾ ಎಂದು ಕೇಳಿದಾಗ ಕಾಕಾ, “ಹೌದು, ಗಾದಿ ಹಾಕಾಕ ಹೋಗಿದ್ದೆ” ಎಂದರು. ಕೆಲವು ತಿಂಗಳ ಶಿಕ್ಷೆಯಾಯಿತು. ಅದು ಮುಗಿಯುವ ಮುನ್ನವೇ ದೇಶದಿಂದ ಹೊರಗೆ ಕಳಿಸುವ ಆದೇಶ ಜೈಲಿಗೆ ಬಂತು. ದಿಲ್ಲಿಯ ಕಾಗದ ತಾನೇ ಎದ್ದಿತ್ತು.

ನಾವು ಬೆಂಗಳೂರಿಗೆ ಹೋದೆವು. ಹೈಕೋರ್ಟಿಗೆ ಹಾಕಿದ ರಿಟ್ ಅರ್ಜಿಯನ್ನು ನಾನೇ ಬರೆದಿದ್ದೆ. ಅಷ್ಟು ಹೊತ್ತಿಗೆ ಕಾಕಾನ ಹಳೆಯ ಪ್ರಶ್ನೆಗೆ ನಾನು ಸಾಕಷ್ಟು ಓದಿಕೊಂಡಿದ್ದೆ. ಘೋಷಣೆಯ ಜೊತೆಗೆ ಈಗ ವಿಶ್ವಸಂಸ್ಥೆಯ ಒಪ್ಪಂದವೂ ನನಗೆ ಗೊತ್ತಿತ್ತು. ನಾಗರಿಕ ಹಕ್ಕುಗಳ ಆ ಒಪ್ಪಂದಕ್ಕೆ ನಮ್ಮ ಸರ್ಕಾರ ಸೇರಿತ್ತು. ಯಾರಿಗೂ ತನ್ನ ಸ್ವಂತ ದೇಶವನ್ನು ಪ್ರವೇಶಿಸುವ ಹಕ್ಕನ್ನು ಮನಬಂದಂತೆ ತಪ್ಪಿಸಬಾರದು ಎಂದು ಅದರಲ್ಲಿದೆ. ಅಲ್ಲಿರುವುದು ಸ್ವಂತ ದೇಶ ಎಂಬ ಮಾತು, ಪೌರತ್ವ ಎಂಬ ಮಾತಲ್ಲ. ಆ ವ್ಯತ್ಯಾಸದ ಮೇಲೆ ಪುಟಗಟ್ಟಲೆ ಬರೆದಿದ್ದೆ. ಹಿರಿಯರು ಓದಿ, ನನ್ನ ತಲೆಯ ಮೇಲೆ ಕೈಯಿಟ್ಟು, “ಛಲೋ ಬರದಿ” ಎಂದಿದ್ದರು. ಗೆಲ್ಲುತ್ತೇವೆ ಎನ್ನಲಿಲ್ಲ.

ನ್ಯಾಯಮೂರ್ತಿಗಳು ಒಳ್ಳೆಯವರು. ಅದನ್ನು ಹೇಳಲೇಬೇಕು. ನಮ್ಮ ಮಾತು ಪೂರ್ತಿ ಕೇಳಿದರು. ಸರ್ಕಾರದ ವಕೀಲರು ಎದ್ದು, ಈತ ತಾನಾಗಿ ಪಾಕಿಸ್ತಾನದ ಪಾಸ್‌ಪೋರ್ಟ್ ಪಡೆದಿದ್ದಾನೆ, ಕಾನೂನಿನಲ್ಲಿ ಅದಕ್ಕಿಂತ ಬೇರೆ ಸಾಕ್ಷಿ ಬೇಡ, ಅಲ್ಲಿ ಮಗಳೂ ಇದ್ದಾಳೆ ಎಂದು ಹೇಳಿ ಕೂತರು.

“ಪಾಸ್‌ಪೋರ್ಟ್ ಇವರೇ ತೆಗೆದುಕೊಂಡದ್ದಲ್ಲವೇ?” ಎಂದು ನ್ಯಾಯಮೂರ್ತಿಗಳು ನಮ್ಮನ್ನು ಕೇಳಿದರು.

ಹಿರಿಯರು ಹೇಳಿದರು, “ಸ್ವಾಮಿ, ಅದನ್ನು ತೆಗೆದುಕೊಳ್ಳದೆ ತಾಯಿಯ ಮುಖ ನೋಡಲು ಬರುವ ಬೇರೆ ದಾರಿ ಇರಲಿಲ್ಲ. ತಾಯಿಯನ್ನು ನೋಡಲು ಬಂದದ್ದೇ ತಾಯಿಯ ಊರಿನವನಲ್ಲ ಎಂಬುದಕ್ಕೆ ಸಾಕ್ಷಿಯಾಗಿದೆ.”

ನ್ಯಾಯಮೂರ್ತಿಗಳು ಪಾಸ್‌ಪೋರ್ಟಿನ ಪ್ರತಿಯನ್ನು ತಿರುವಿ ನೋಡಿದರು. ಆಮೇಲೆ, ತಮಗೆ ಈ ಮನುಷ್ಯನ ಬಗ್ಗೆ ಮರುಕವಿದೆ ಎಂದರು. ಒಪ್ಪಂದ ದೊಡ್ಡದೇ, ಆದರೆ ಸಂಸತ್ತು ಅದನ್ನು ಕಾನೂನು ಮಾಡಿಲ್ಲ, ಇರುವ ಕಾನೂನನ್ನು ಬದಿಗಿಟ್ಟು ಒಪ್ಪಂದವನ್ನು ಜಾರಿ ಮಾಡುವ ಅಧಿಕಾರ ತಮಗಿಲ್ಲ ಎಂದರು. ಅರ್ಜಿ ವಜಾ ಆಯಿತು.

ಮೆಟ್ಟಿಲ ಮೇಲೆ ನಾನು ಹಿರಿಯರನ್ನು ತಡೆದು ನಿಲ್ಲಿಸಿದೆ. ಜಿನೀವಾದಲ್ಲಿ ಒಪ್ಪಂದದ ಸಮಿತಿ ಇದೆಯಲ್ಲ, ಒಬ್ಬೊಬ್ಬ ಮನುಷ್ಯನ ದೂರನ್ನೂ ಅದು ಕೇಳುತ್ತದಲ್ಲ ಎಂದೆ.

“ಕೇಳ್ತದ. ಆದ್ರ ಅದಕ್ಕ ಬ್ಯಾರೆ ಸಹಿ ಬೇಕು ಮಗಳ. ನಮ್ಮ ಸರ್ಕಾರ ಆ ಸಹಿ ಹಾಕಿಲ್ಲ. ನೀ ಬರದ್ರ ಅವರು ಓದೂದಿಲ್ಲ.”

“ಪಾಕಿಸ್ತಾನದ ಕಡಿಂದ?”

“ಅವರು ಒಪ್ಪಂದಕ್ಕ ಸೇರಿಲ್ಲ.” ಅವರು ಮೆಟ್ಟಿಲಿಳಿದರು. ನಾನು ಅಲ್ಲೇ ನಿಂತಿದ್ದೆ. ಆ ಮೆಟ್ಟಿಲುಗಳ ಮೇಲೆ ಕಪ್ಪು ಕೋಟಿನವರು ನಗುತ್ತ, ಕಡತ ಹಿಡಿದುಕೊಂಡು ಹತ್ತಿ ಇಳಿಯುತ್ತಿದ್ದರು.

ಕಾಕಾನನ್ನು ಪೊಲೀಸರು ರೈಲಿನಲ್ಲಿ ಗಡಿಗೆ ಕರೆದುಕೊಂಡು ಹೋದರು. ನಾವು ಮನೆಯಲ್ಲಿ ಆಯಿಯ ಎದುರು ಆ ಮಾತು ಎತ್ತಲಿಲ್ಲ. ಆದರೆ ಸ್ವಲ್ಪ ದಿನಗಳಲ್ಲಿ ಅವರು ಅದೇ ಪೊಲೀಸರ ಜೊತೆ ಮರಳಿ ಬಂದರು. ಪಾಸ್‌ಪೋರ್ಟಿನ ಅವಧಿ ಮುಗಿದು ವರ್ಷಗಳಾಗಿವೆ, ಇವನು ನಮ್ಮವನೆಂದು ಹೇಗೆ ನಂಬುವುದು ಎಂದು ಆಚೆಯವರು ಬಾಗಿಲು ಹಾಕಿದ್ದರು. ಈಗ ಶಿಕ್ಷೆ ಮುಗಿದಿತ್ತು, ಬಿಟ್ಟುಬಿಡುವಂತೆಯೂ ಇರಲಿಲ್ಲ. ಹೊಸ ಕಾಗದ ಬರುವವರೆಗೆ ಎಂದು ಕಲಬುರ್ಗಿಯ ಜೈಲಿನಲ್ಲೇ ಇಟ್ಟರು.

ಆಯಿಗೆ ಮಗ ಮರಳಿದ್ದೇ ಹಬ್ಬವಾಯಿತು. ಅಪ್ಪ ಅವಳನ್ನು ಜೈಲಿಗೆ ಕರೆದೊಯ್ದಾಗ ಕಡಕ್ ರೊಟ್ಟಿ, ಶೇಂಗಾ ಹಿಂಡಿ ಕಟ್ಟಿಕೊಂಡಿದ್ದಳು. ಜಾಳಿಗೆಯ ಆಚೆಯಿಂದ ಕಾಕಾ, “ಅವ್ವಾ, ಅಳಬ್ಯಾಡ, ನಾ ಇಲ್ಲೇ ಅದೇನಿ” ಎಂದರು. ಆಯಿ ಅಳುತ್ತಿರಲಿಲ್ಲ. “ಸಮೀಪ ಅದೀ, ಸಾಕು,” ಎಂದಳು. “ಕಲಬುರ್ಗಿ ಅಂದ್ರ ಬಸ್ಸಿನ ದಾರಿ.” ಆಮೇಲೆ ನನ್ನ ಕಡೆ ತಿರುಗಿ ಕಾಕಾ ಮೆತ್ತಗೆ ಕೇಳಿದರು, “ನೀ ಓದಿದ ಪುಸ್ತಕದಾಗ ಜೈಲಿನ್ಯಾಗ ಇಡ್ರಿ ಅಂತ ಅದಾ?” ಇಲ್ಲ ಎಂದೆ.

ಆಯಿ ಆ ಬೇಸಿಗೆಯಲ್ಲಿ ತೀರಿಕೊಂಡಳು. ಬೆಳಿಗ್ಗೆ ಹಾಲು ಕೊಡಲು ಹೋದ ನನ್ನ ತಾಯಿ ನೋಡಿದ್ದು. ಅಪ್ಪ ಮಣ್ಣು ಮಾಡುವುದನ್ನು ತಡೆಸಿ, ನನ್ನನ್ನು ಜೈಲಿಗೆ ಅಟ್ಟಿದರು. ಮಣ್ಣಿಗೆ ಬರಲು ಒಂದು ದಿನ, ಅರ್ಧ ದಿನ, ಪೊಲೀಸರ ಕಾವಲಿನಲ್ಲಾದರೂ ಕಳಿಸಿ ಎಂದು ಕೇಳಿದೆ. ಜೈಲಿನ ಅಧಿಕಾರಿ ಕುರ್ಚಿ ಕೊಟ್ಟು ಕೂರಿಸಿದರು, ನೀರು ಕೊಟ್ಟರು. “ನಮ್ಮ ಖೈದಿ ಆಗಿದ್ರ ನಾನೇ ಕಳಸ್ತಿದ್ದೆ ತಾಯಿ. ಇವರು ವಿದೇಶದವರು. ಮ್ಯಾಲಿಂದ ಹುಕುಂ ಬರಬೇಕು,” ಎಂದರು. ಟ್ರಂಕ್ ಕಾಲ್ ಹಾಕಿದರು. ಬೆಂಗಳೂರಿನವರು ದಿಲ್ಲಿಯನ್ನು ಕೇಳಬೇಕು ಎಂದರು. ಅವತ್ತು ಭಾನುವಾರ.

ಆಳಂದದ ಬಿಸಿಲಿನಲ್ಲಿ ಹೆಣ ಎಷ್ಟು ಹೊತ್ತು ಇಡಲಾಗುತ್ತದೆ? ಸಂಜೆಗೆ ಮಣ್ಣು ಮಾಡಿದರು. ಮಗನ ಬದಲು ಮೊದಲ ಹಿಡಿ ಮಣ್ಣನ್ನು ಅಪ್ಪ ಹಾಕಿದರು. ನಮ್ಮ ಲಿಂಗಾಯತರಲ್ಲೂ ಹೂಳುವ ಪದ್ಧತಿಯೇ ಇರುವುದರಿಂದ ಅವರ ಕೈಗೆ ಅದು ಹೊಸದಾಗಿರಲಿಲ್ಲ. ಆದರೆ ಅವತ್ತು ಮನೆಗೆ ಬಂದ ಅಪ್ಪ ಕೈ ತೊಳೆಯದೆ ಬಹಳ ಹೊತ್ತು ಕಟ್ಟೆಯ ಮೇಲೆ ಕೂತಿದ್ದರು.

ಜೈಲಿನಲ್ಲಿ ಕಾಕಾನಿಗೆ ಸುದ್ದಿ ಹೇಳಿದವಳು ನಾನು. ಅವರು ಜಾಳಿಗೆ ಹಿಡಿದುಕೊಂಡು, “ನನ್ನ ಕರದ್ಳಾ?” ಎಂದರು. ನಿದ್ದೆಯಲ್ಲೇ ಹೋಗಿದ್ದಾಳೆ, ಯಾರನ್ನೂ ಕರೆಯಲಿಲ್ಲ ಎಂದೆ. ಅವರು ಕೆಳಗೆ ಕೂತು ಹುಡುಗರಂತೆ ಬಾಯಿ ತೆರೆದು ಅತ್ತರು. ಪಹರೆಯವನು ಮುಖ ಆಚೆ ತಿರುಗಿಸಿದ. ಇನ್ನು ಮುಂದೆ ಇಲ್ಲಿ ಉಳಿಯಲು ಹೋರಾಡಬೇಕೆ ಬೇಡವೆ ಎಂದು ನಾನು ಕೇಳಬೇಕಾಗಿತ್ತು. ಸುಪ್ರೀಂ ಕೋರ್ಟಿಗೆ ಅರ್ಜಿಯ ಕರಡು ನನ್ನ ಚೀಲದಲ್ಲಿತ್ತು. ಅವರೇ ಹೇಳಿದರು, “ಬ್ಯಾಡ. ಯಾರ ಸಲುವಾಗಿ ಇರಲಿ?”

ಹೊಸ ಕಾಗದ ಬರಲು ಮತ್ತೂ ಒಂದು ವರ್ಷದ ಮೇಲಾಯಿತು. ಕರಾಚಿಯ ಮಗಳು ಎಲ್ಲೆಲ್ಲೋ ಅಲೆದು ಸಾಕ್ಷಿ ಕೊಟ್ಟಿದ್ದಳಂತೆ. ಕಲಬುರ್ಗಿಯ ಸ್ಟೇಷನ್ನಿಗೆ ಅಪ್ಪ, ನಾನು ಹೋದೆವು. ಕಾಕಾ ಪೇದೆಗಳ ನಡುವೆ ಕೂತಿದ್ದರು, ತೀರ ಇಳಿದುಹೋಗಿದ್ದರು. ಅಪ್ಪ ಕಿಟಕಿಯೊಳಗೆ ಕೈ ಹಾಕಿ ಅವರ ಭುಜ ಹಿಡಿದುಕೊಂಡರು. ಗಾಡಿ ಅಲುಗಿದಾಗ ಅಪ್ಪ, “ಲೇ, ಮುಟ್ಟಿದ ಮ್ಯಾಲೆ ಒಂದು ಕಾಗದ ಹಾಕಲೇ,” ಎಂದರು. “ಹಾಕ್ತೇನಿ,” ಎಂದರು ಕಾಕಾ. ಕನ್ನಡ ಬರೆಯಲು ಅವರಿಗೆ ಬರುತ್ತಿರಲಿಲ್ಲ, ಉರ್ದು ಓದಲು ಅಪ್ಪನಿಗೆ ಬರುತ್ತಿರಲಿಲ್ಲ. ಓದಿ ಹೇಳಲು ಜನ ಸಿಗುತ್ತಿದ್ದರು. ಕಾಗದವೇ ಬರಲಿಲ್ಲ.

ಆ ಡಿಸೆಂಬರಿನಲ್ಲಿ ಜೇವರ್ಗಿಯ ಒಂದು ಕಾಲೇಜಿನವರು ಮಾನವ ಹಕ್ಕುಗಳ ದಿನಕ್ಕೆ ನನ್ನನ್ನು ಭಾಷಣಕ್ಕೆ ಕರೆದರು. ಹೋದೆ. ಘೋಷಣೆ, ಒಪ್ಪಂದ, ಸಮಿತಿಗಳು, ಎಲ್ಲವನ್ನೂ ಕ್ರಮವಾಗಿ ಹೇಳಿದೆ. ಹುಡುಗರು ಚಪ್ಪಾಳೆ ಹೊಡೆದರು, ಶಾಲು ಹೊದಿಸಿದರು. ಹೇಳಿದ್ದರಲ್ಲಿ ಸುಳ್ಳು ಒಂದೂ ಇರಲಿಲ್ಲ. ಬಸ್ಸಿನಲ್ಲಿ ಮರಳುವಾಗ ಆ ಶಾಲನ್ನು ಮಡಚಿ ಚೀಲದ ತಳಕ್ಕೆ ಹಾಕಿದೆ.

ಎರಡು ವರ್ಷದ ನಂತರ ಖಜೂರಿಯ ಒಬ್ಬ ಲಾರಿ ಮಾಲೀಕರು ಅಪ್ಪನ ಅಂಗಡಿಗೆ ಬಂದರು. ಅವರ ಸಂಬಂಧಿಕರು ಕರಾಚಿಗೆ ಹೋಗಿ ಬಂದಿದ್ದರಂತೆ. ಕಾಕಾ ಗಡಿ ದಾಟಿದ ಮೇಲೆ ಅಲ್ಲಿಯೂ, ಇಷ್ಟು ವರ್ಷ ಇಂಡಿಯಾದಲ್ಲಿ ಏನು ಮಾಡುತ್ತಿದ್ದೆ ಎಂದು ಹಿಡಿದಿಟ್ಟು ಕೇಳಿದ್ದರಂತೆ. ಬಿಟ್ಟ ಮೇಲೆ ಮಗಳ ಮನೆಯಲ್ಲಿ ಇದ್ದರು, ಒಂದು ಚಳಿಗಾಲ ಕೆಮ್ಮಿ ಕೆಮ್ಮಿ ತೀರಿಕೊಂಡರು.

“ಎಲ್ಲಿ ಮಣ್ಣ ಮಾಡ್ಯಾರಂತ್ರಿ?” ಅಪ್ಪ ಕೇಳಿದರು.

“ಅದು ಗೊತ್ತಿಲ್ರಿ,” ಎಂದರು ಅವರು.

ಅಪ್ಪ ತಲೆಯಾಡಿಸಿದರು. ಅಷ್ಟರಲ್ಲಿ ಗಿರಾಕಿಯೊಬ್ಬರು ಬಂದು ತೊಗರಿಬೇಳೆಯ ಧಾರಣೆ ಕೇಳಿದರು. ಅಪ್ಪ ಹೇಳಿದರು, ತೂಕ ಮಾಡಿದರು, ಕಟ್ಟಿ ಕೊಟ್ಟರು. ಆ ದಿನವೂ ಅಂಗಡಿ ಎಂದಿನ ಹೊತ್ತಿಗೇ ಮುಚ್ಚಿದರು.

ಆಮೇಲೆ ಇಂಥವೇ ಇನ್ನೂ ಕೆಲವು ಪ್ರಕರಣಗಳು ನನ್ನ ಬಳಿ ಬಂದವು. ಬಂದವರಿಗೆ ಕುರ್ಚಿ ಕೊಡುತ್ತೇನೆ, ನೀರು ಕೊಡುತ್ತೇನೆ, ಕೇಸು ನಡೆಸುತ್ತೇನೆ. ಇದುವರೆಗೆ ಒಂದನ್ನೂ ಗೆದ್ದಿಲ್ಲ.